ಕುಡುಕನಲ್ಲ ಎಂದೇ ವಾದಿಸಿದ ಜಾಕ್ ಲಂಡನ್

ಜಾಕ್ ಲಂಡನ್ ಎಂದರೆ ಹಲವರಿಗೆ ನೆನಪಾಗುವುದು 'ದಿ ಕಾಲ್ ಆಫ್ ದಿ ವೈಲ್ಡ್' ಕಾದಂಬರಿಯ ಹಿಮ ಮತ್ತು ನಾಯಿ. ಆದರೆ 1913ರಲ್ಲಿ ಆತ ತನ್ನ ಕುಡಿತದ ಬಗ್ಗೆಯೇ 'ಜಾನ್ ಬಾರ್ಲಿಕಾರ್ನ್' ಎಂಬ ಇಡೀ ಪುಸ್ತಕ ಬರೆದ. ಅದರಲ್ಲಿ ತಾನು ಕುಡಿದದ್ದನ್ನೆಲ್ಲ ಒಪ್ಪಿಕೊಂಡ. ಮದ್ಯವ್ಯಸನಿ ಎಂಬುದನ್ನು ಮಾತ್ರ ಒಪ್ಪಲಿಲ್ಲ.

ಹುಟ್ಟಿದ್ದು 1876ರಲ್ಲಿ, ಸ್ಯಾನ್ ಫ್ರಾನ್ಸಿಸ್ಕೊದಲ್ಲಿ. ಐದನೇ ವಯಸ್ಸಿಗೇ, ಹೊಲದಲ್ಲಿದ್ದ ಮಲತಂದೆಗೆ ಬಿಯರ್ ಒಯ್ಯುವಾಗ ದಾರಿಯಲ್ಲಿ ಕುಡಿದು ಅಮಲೇರಿಸಿಕೊಂಡ. ಹದಿಹರೆಯದಲ್ಲಿ ಕಾರ್ಖಾನೆಯಲ್ಲಿ ಗಂಟೆಗೆ 10 ಸೆಂಟ್ ಕೂಲಿ. ಬೇಸತ್ತು ಓಕ್‌ಲ್ಯಾಂಡ್ ಬಳಿ ಸಿಂಪಿ ಕದಿಯುವವರ ಜೊತೆ ಸೇರಿದ. ಅಲ್ಲಿ ಗಂಡಸು ಅನ್ನಿಸಿಕೊಳ್ಳಲು ಕುಡಿಯಲೇಬೇಕಿತ್ತು. ಒಮ್ಮೆ ಅಮಲಿನಲ್ಲಿ ನೀರಿಗೆ ಬಿದ್ದು ಗಂಟೆಗಟ್ಟಲೆ ತೇಲಿದವನನ್ನು ಮೀನುಗಾರನೊಬ್ಬ ಬದುಕಿಸಿದ. ಮುಂದೆ ಪರೀಕ್ಷೆ ಬರೆದು ಅಂಚೆ ಇಲಾಖೆಯ ಕೆಲಸಕ್ಕೆ ಕರೆ ಬಂದರೂ ಹೋಗದೆ ಬರವಣಿಗೆಯನ್ನೇ ನಂಬಿದ. (ನಮ್ಮ ಮನೆಗಳಲ್ಲಾದರೆ ಏನಾಗುತ್ತಿತ್ತೋ!)

ದಿನಕ್ಕೆ 1000 ಪದ ಬರೆಯುವುದು, ಅದು ಮುಗಿಯುವವರೆಗೆ ಕುಡಿಯದಿರುವುದು ಆತನ ನಿಯಮ. ಮೊದಲು ಊಟಕ್ಕೆ ಮುಂಚೆ ಒಂದು ಕಾಕ್‌ಟೇಲ್ ಇತ್ತು. ಒಂದು ಎರಡಾಯಿತು, ಹೊತ್ತು ಹಿಂದಕ್ಕೆ ಸರಿಯಿತು. ಕೊನೆಗೆ ಕುಡಿಯದೆ ಆ 1000 ಪದ ಮುಗಿಯದ ದಿನ ಬಂತು. ಮೀಟರ್ ಕೆಂಪು ಗೆರೆ ದಾಟಿದಾಗಲೆಲ್ಲ ಗೆರೆಯನ್ನೇ ಮೇಲೆ ಎಳೆದಂತೆ.

ಆದರೂ ವಾದ ನಿಲ್ಲಲಿಲ್ಲ. ತನಗೆ ಹುಟ್ಟಿನಿಂದ ಕುಡಿತದ ಒಲವಿಲ್ಲ, ಮದ್ಯದ ರುಚಿಯೇ ಹಿಡಿಸದು, ಕೈಗೆಟುಕುವಲ್ಲೆಲ್ಲ ಬಾರ್‌ಗಳಿರುವುದೇ ತಪ್ಪು ಎಂದ. 1912ರಲ್ಲಿ ಹಡಗಿನಲ್ಲಿ ಸುಮಾರು 5 ತಿಂಗಳು ಕುಡಿಯದೆ ಇದ್ದದ್ದೂ ಆತನಿಗೆ ಸಾಕ್ಷಿಯಾಯಿತು. ದಡ ಸೇರಿದ ಮೇಲೆ ಮತ್ತೆ ಶುರುವಾದದ್ದು ಲೆಕ್ಕಕ್ಕೆ ಬರಲಿಲ್ಲ. ಈ ವಾದ ಹಾಸ್ಟೆಲ್‌ಗಳಿಗೂ ಹೊಸದಲ್ಲ. ಪರೀಕ್ಷೆಯ ತಿಂಗಳು ಮುಟ್ಟಲೇ ಇಲ್ಲ, ಹಾಗಾಗಿ ಬೇಕೆಂದಾಗ ಬಿಡಬಲ್ಲೆ ಅನ್ನುವವರಿದ್ದಾರೆ. ಬಿಟ್ಟ ದಿನಗಳನ್ನು ಎಣಿಸುತ್ತಾರೆ, ಮತ್ತೆ ಹಿಡಿದ ದಿನವನ್ನಲ್ಲ. ಜಾಕ್ ಸುಳ್ಳು ಹೇಳಿದ ಎಂದು ನನಗೆ ಅನ್ನಿಸುವುದಿಲ್ಲ. ಆತನಿಗೆ ಅದು ನಿಜವೇ ಆಗಿತ್ತು. ಅದಕ್ಕೇ ಹೊರಗಿನವರ ಮಾತು ನಾಟುವುದು ಕಷ್ಟ.

ಪುಸ್ತಕದ ಕೊನೆಯಲ್ಲಿ ಆತ ಕುಡಿತ ಬಿಡಲಿಲ್ಲ; ಇನ್ನು ಮುಂದೆ ಎಚ್ಚರದಿಂದ ಕುಡಿಯುತ್ತೇನೆ ಎಂದು ನಿರ್ಧರಿಸಿದ. ಮದ್ಯ ನಿಷೇಧದ ಹೋರಾಟಗಾರರು ಅದೇ ಪುಸ್ತಕವನ್ನು ಪ್ರಚಾರಕ್ಕೆ ಬಳಸಿದರು. ಅಷ್ಟರಲ್ಲಿ ಆತನ ಮೂತ್ರಪಿಂಡಗಳು ಕೆಡುತ್ತಿದ್ದವು. 1916ರ ನವೆಂಬರ್ 22ರಂದು ಗ್ಲೆನ್ ಎಲೆನ್‌ನ ತನ್ನ ತೋಟದಲ್ಲಿ ತೀರಿಕೊಂಡ. ಆಗ ವಯಸ್ಸು 40. ಆತ ದೂರಿದ್ದ ಬಾರ್‌ಗಳಿಗೆ ಅಮೆರಿಕ ಬೀಗ ಹಾಕಿದ್ದು 1920ರಲ್ಲಿ.