ರೆವರೆಂಡ್ ಥಾಮಸ್ ಬೇಯಸರ ಜೀವನವೂ ಅವರು ಬಿಟ್ಟುಹೋದ ಗಣಿತವೂ

ಪ್ರತಿವರ್ಷವೂ ಪರೀಕ್ಷೆಯ ಅಂಕಗಳು ಪ್ರಕಟವಾದ ಬಳಿಕ ತಾಯಿತಂದೆಗಳು ನಮ್ಮ ಕೊಠಡಿಗೆ ಬಂದು ಒಂದೇ ಪ್ರಶ್ನೆಯನ್ನು ಕೇಳುವರು. ಈ ಅಂಕಗಳನ್ನು ನೋಡಿ ತಮ್ಮ ಮಗಳ ವಿಷಯದಲ್ಲಿ ಏನೆಂದು ತಿಳಿಯಬೇಕೆಂಬುದೇ ಆ ಪ್ರಶ್ನೆಯು. ಸ್ವಲ್ಪವೇ ಸಾಕ್ಷ್ಯವಿರುವಲ್ಲಿ ಎಷ್ಟನ್ನು ನಂಬಬಹುದು, ಹೊಸ ಸಾಕ್ಷ್ಯವು ದೊರೆತಾಗ ಆ ನಂಬಿಕೆಯನ್ನು ಎಷ್ಟುಮಟ್ಟಿಗೆ ಬದಲಿಸಿಕೊಳ್ಳಬೇಕು ಎಂಬುದನ್ನು ಎರಡೂವರೆ ಶತಮಾನಗಳಿಗೂ ಹಿಂದೆ ಇಂಗ್ಲೆಂಡಿನ ಒಬ್ಬ ಸಭಾಪಾಲಕರು ಗಣಿತದ ಮೂಲಕ ವಿಚಾರಮಾಡಿದರು. ಅವರೇ ರೆವರೆಂಡ್ ಥಾಮಸ್ ಬೇಯಸರು. ಸಂಖ್ಯಾಶಾಸ್ತ್ರವನ್ನು ಕಲಿಯುವವರೆಲ್ಲರಿಗೂ ಅವರ ಹೆಸರು ಪರಿಚಿತವಾಗಿದ್ದರೂ ಅವರ ಜೀವನವನ್ನು ತಿಳಿದವರು ವಿರಳ. ಆದಕಾರಣ ಈ ಸಂಚಿಕೆಯಲ್ಲಿ ಅವರ ಚರಿತ್ರೆಯನ್ನು ನಮ್ಮ ಹಳೆಯ ವಿದ್ಯಾರ್ಥಿನಿಯರಿಗೂ ಪೋಷಕರಿಗೂ ಸಂಕ್ಷೇಪವಾಗಿ ನಿವೇದಿಸುತ್ತೇವೆ.

ಬೇಯಸರು ಸುಮಾರು ೧೭೦೧ನೆಯ ಇಸವಿಯಲ್ಲಿ ಜನಿಸಿದರು. ಅವರ ತಂದೆಯಾದ ಜೋಷುವ ಬೇಯಸರು ಲಂಡನ್ ಪಟ್ಟಣದಲ್ಲಿ ಪ್ರೆಸ್ಬಿಟೀರಿಯನ್ ಸಭೆಯ ಪಾಲಕರಾಗಿದ್ದರು. ಏಳು ಮಂದಿ ಮಕ್ಕಳಲ್ಲಿ ಥಾಮಸರೇ ಹಿರಿಯರು. ಆ ಕಾಲದಲ್ಲಿ ರಾಜ್ಯದ ಅಂಗೀಕೃತ ಸಭೆಗೆ ಸೇರದವರ ಸ್ಥಿತಿಯು ಸುಲಭವಾಗಿರಲಿಲ್ಲ. ೧೬೬೨ರಲ್ಲಿ ಹೊರಟ ಶಾಸನದಿಂದಾಗಿ ಸುಮಾರು ಎರಡು ಸಾವಿರ ಮಂದಿ ಬೋಧಕರು ತಮ್ಮ ಸಭೆಗಳನ್ನು ಕಳೆದುಕೊಂಡಿದ್ದರು. ಅಂಥವರ ಮಕ್ಕಳು ಆಕ್ಸ್‌ಫರ್ಡಿನಲ್ಲಾಗಲಿ ಕೇಂಬ್ರಿಜ್ಜಿನಲ್ಲಾಗಲಿ ಪದವಿಯನ್ನು ಪಡೆಯುವಂತಿರಲಿಲ್ಲ. (ಅದೇ ಕೇಂಬ್ರಿಜ್ ವಿಶ್ವವಿದ್ಯಾನಿಲಯವು ಸ್ತ್ರೀಯರಿಗೆ ಪೂರ್ಣ ಪದವಿಯನ್ನು ಕೊಟ್ಟದ್ದು ೧೯೪೮ರಲ್ಲಿ ಎಂಬುದನ್ನು ನಮ್ಮ ಹೆಣ್ಣುಮಕ್ಕಳು ನೆನಪಿನಲ್ಲಿಡಲಿ.) ಆದುದರಿಂದ ಥಾಮಸರು ೧೭೧೯ರಲ್ಲಿ ಸ್ಕಾಟ್ಲೆಂಡಿನ ಎಡಿನ್‌ಬರೋ ವಿಶ್ವವಿದ್ಯಾನಿಲಯವನ್ನು ಸೇರಿ ಅಲ್ಲಿ ತರ್ಕಶಾಸ್ತ್ರವನ್ನೂ ದೇವಶಾಸ್ತ್ರವನ್ನೂ ಅಭ್ಯಾಸಮಾಡಿದರು.

ವ್ಯಾಸಂಗವು ಮುಗಿದ ಮೇಲೆ ಅವರು ಲಂಡನ್ನಿಗೆ ಹಿಂದಿರುಗಿ ಕೆಲವು ವರ್ಷಗಳು ತಂದೆಗೆ ಸಹಾಯಕರಾಗಿದ್ದರು. ೧೭೩೦ರ ದಶಕದಲ್ಲಿ ಕೆಂಟ್ ಪ್ರಾಂತದ ಟನ್‌ಬ್ರಿಜ್ ವೆಲ್ಸ್ ಎಂಬ ಊರಿನ ಸಭೆಗೆ ಪಾಲಕರಾಗಿ ಹೋದರು. ಆ ಊರು ಔಷಧಗುಣವುಳ್ಳ ಬುಗ್ಗೆಯ ನೀರಿಗೆ ಹೆಸರಾಗಿದ್ದು, ಬೇಸಿಗೆಯಲ್ಲಿ ಲಂಡನ್ನಿನ ಜನರು ಆರೋಗ್ಯಕ್ಕಾಗಿ ಅಲ್ಲಿಗೆ ಬರುತ್ತಿದ್ದರು. ಅಲ್ಲಿಯೇ ಬೇಯಸರು ೧೭೫೨ರ ವರೆಗೆ ಸಭೆಯ ಸೇವೆಯನ್ನು ಮಾಡಿ, ನಿವೃತ್ತರಾದ ಬಳಿಕವೂ ಅದೇ ಊರಿನಲ್ಲಿ ಉಳಿದರು. ಅವರು ವಿವಾಹವಾಗಲಿಲ್ಲ.

ಜೀವಮಾನದಲ್ಲಿ ಅವರಿಂದ ಹೊರಬಿದ್ದ ಪುಸ್ತಕಗಳು ಎರಡೇ, ಎರಡರಲ್ಲಿಯೂ ಅವರ ಹೆಸರಿರಲಿಲ್ಲ. ೧೭೩೧ರ ಗ್ರಂಥವು ದೇವರ ಕೃಪಾಳುತನವನ್ನು ಕುರಿತದ್ದು. ಸೃಷ್ಟಿಯ ಜೀವಿಗಳ ಸುಖವೇ ದೇವರ ಆಳ್ವಿಕೆಯ ಮುಖ್ಯೋದ್ದೇಶವೆಂದು ಅದರಲ್ಲಿ ವಾದಿಸಿದ್ದರು. ೧೭೩೪ರಲ್ಲಿ ಬಿಷಪ್ ಬಾರ್ಕ್ಲಿಯವರು ನ್ಯೂಟನ್ನರ ಹೊಸ ಗಣಿತಕ್ಕೆ ಸರಿಯಾದ ಬುನಾದಿಯಿಲ್ಲವೆಂದು ಆಕ್ಷೇಪಿಸಿದಾಗ ಬೇಯಸರು ೧೭೩೬ರಲ್ಲಿ ನ್ಯೂಟನ್ನರ ಪಕ್ಷವನ್ನು ಸಮರ್ಥಿಸಿ ಮತ್ತೊಂದು ಗ್ರಂಥವನ್ನು ಬರೆದರು. ೧೭೪೨ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯು ಅವರನ್ನು ಸದಸ್ಯರನ್ನಾಗಿ ಆರಿಸಿಕೊಂಡಿತು. ನಿಶ್ಚಯವಾಗಿ ಅವರದೇ ಎನ್ನಬಹುದಾದ ಭಾವಚಿತ್ರವು ಒಂದೂ ಉಳಿದಿಲ್ಲ. ಪುಸ್ತಕಗಳಲ್ಲಿ ಕಾಣುವ ಚಿತ್ರವು ಅವರದೇ ಎಂಬುದಕ್ಕೆ ಆಧಾರವು ಸಾಲದು.

೧೭೬೧ನೆಯ ಇಸವಿ ಏಪ್ರಿಲ್ ತಿಂಗಳಲ್ಲಿ ಬೇಯಸರು ತೀರಿಕೊಂಡರು. ಅವರ ಕಾಗದಪತ್ರಗಳನ್ನು ಪರಿಶೀಲಿಸಬೇಕೆಂದು ಬಂಧುಗಳು ರಿಚರ್ಡ್ ಪ್ರೈಸ್ ಎಂಬ ಸ್ನೇಹಿತರನ್ನು ಬೇಡಿಕೊಂಡರು. ಇವರೂ ಒಬ್ಬ ಸಭಾಪಾಲಕರೇ, ಗಣಿತವನ್ನು ಬಲ್ಲವರೇ. ಆ ಕಾಗದಗಳ ನಡುವೆ ಸಂಭಾವ್ಯತೆಯನ್ನು ಕುರಿತ ಒಂದು ಪ್ರಬಂಧವನ್ನು ಪ್ರೈಸರು ಕಂಡು, ಅದಕ್ಕೆ ಪೀಠಿಕೆಯನ್ನೂ ಅನುಬಂಧವನ್ನೂ ಸೇರಿಸಿ ರಾಯಲ್ ಸೊಸೈಟಿಗೆ ಕಳುಹಿಸಿದರು. ೧೭೬೩ನೆಯ ಡಿಸೆಂಬರ್ ೨೩ರಂದು ಅದು ಆ ಸಭೆಯಲ್ಲಿ ಓದಲ್ಪಟ್ಟಿತು. ಬರೆದಾತನು ಸಮಾಧಿಯಲ್ಲಿರುವಾಗ ಸ್ನೇಹಿತನ ನಿಷ್ಠೆಯಿಂದ ಆ ವಿದ್ಯೆಯು ಲೋಕಕ್ಕೆ ಬಂದಿತು.

ಆ ಪ್ರಬಂಧದಲ್ಲಿ ಬೇಯಸರು ಒಂದು ಸಮತಟ್ಟಾದ ಮೇಜನ್ನು ಕಲ್ಪಿಸಿಕೊಂಡರು. ಮೇಜಿನ ಮೇಲೆ ಒಂದು ಚೆಂಡನ್ನು ಉರುಳಿಸಿ, ಅದು ನಿಂತ ಸ್ಥಳದಲ್ಲಿ ಒಂದು ಗೆರೆಯನ್ನು ಎಳೆಯಬೇಕು. ಬಳಿಕ ಎರಡನೆಯ ಚೆಂಡನ್ನು ಅನೇಕಾವರ್ತಿ ಉರುಳಿಸಿ, ಪ್ರತಿ ಸಲವೂ ಅದು ಗೆರೆಯ ಯಾವ ಪಕ್ಕದಲ್ಲಿ ನಿಂತಿತೆಂಬುದನ್ನು ಮಾತ್ರ ಗುರುತಿಸಬೇಕು. ಗೆರೆಯನ್ನು ನೋಡದವರು ಈ ಎಣಿಕೆಯೊಂದರಿಂದಲೇ ಅದು ಎಲ್ಲಿರಬಹುದೆಂದು ಹೇಳುವುದು ಹೇಗೆ? ಮೊದಲಿಗೆ ಗೆರೆಯು ಎಲ್ಲಿಯಾದರೂ ಇರಬಹುದು. ಒಂದೊಂದು ಚೆಂಡು ನಿಂತಂತೆಲ್ಲ ಕೆಲವು ಸ್ಥಳಗಳು ಹೆಚ್ಚು ಸಂಭವನೀಯವಾಗುವುವು, ಕೆಲವು ಕಡಮೆಯಾಗುವುವು. ಹೀಗೆ ಮೊದಲಿದ್ದ ನಂಬಿಕೆಯೂ ಹೊಸದಾಗಿ ಬಂದ ಸಾಕ್ಷ್ಯವೂ ಕೂಡಿ, ತಿದ್ದಿದ ನಂಬಿಕೆಯು ಹುಟ್ಟುವುದು. ಮುಂದಿನ ಸಾಕ್ಷ್ಯವು ಬಂದಾಗ ಅದೇ ಮೊದಲ ನಂಬಿಕೆಯಾಗಿ ನಿಲ್ಲುವುದು. ಬೇಯಸರ ನಿಯಮದ ತಿರುಳು ಇದೇ.

ಈ ಬೀಜವು ಬೇಗನೆ ಮರವಾಗಲಿಲ್ಲ. ಫ್ರಾನ್ಸ್ ದೇಶದ ಲಾಪ್ಲಾಸ್ ಎಂಬ ಮಹಾಗಣಿತಜ್ಞರು ೧೭೭೪ರಲ್ಲಿ ಸ್ವತಂತ್ರವಾಗಿ ಇದೇ ವಿಚಾರವನ್ನು ಕಂಡು ಬಹಳ ವಿಸ್ತಾರಗೊಳಿಸಿದರು. ಆದರೆ ಮೊದಲ ನಂಬಿಕೆಯನ್ನು ಎಲ್ಲಿಂದ ತರಬೇಕೆಂಬ ಆಕ್ಷೇಪಣೆಯು ಮುಂದೆ ಬಲವಾಯಿತು. ಇಪ್ಪತ್ತನೆಯ ಶತಮಾನದ ಪೂರ್ವಾರ್ಧದಲ್ಲಿ ಫಿಷರ್ ಮೊದಲಾದ ಪಂಡಿತರು ಈ ಮಾರ್ಗವನ್ನು ತಿರಸ್ಕರಿಸಿದರು. ಆ ಆಕ್ಷೇಪಣೆಗೆ ದೊರೆತ ಸಮಾಧಾನಗಳಲ್ಲಿ ಒಂದು, ಶ್ರೇಣೀಬದ್ಧ ಮಾದರಿ ಎಂಬ ವಿಧಾನವು. ಲಿಂಡ್ಲಿ ಮತ್ತು ಸ್ಮಿತ್ ಎಂಬ ಇಬ್ಬರು ಇಂಗ್ಲಿಷ್ ವಿದ್ವಾಂಸರು ೧೯೭೨ರಲ್ಲಿ ಬರೆದ ಲೇಖನವು ಇದರ ಬೆಳವಣಿಗೆಯಲ್ಲಿ ಮುಖ್ಯವಾದದ್ದು. ಮಕ್ಕಳು ತರಗತಿಯಲ್ಲಿರುವರು, ತರಗತಿಗಳು ಶಾಲೆಯಲ್ಲಿರುವುವು, ಶಾಲೆಗಳು ಜಿಲ್ಲೆಯಲ್ಲಿರುವುವು. ಹೀಗೆ ಮೆಟ್ಟಿಲು ಮೆಟ್ಟಿಲಾಗಿರುವ ವಸ್ತುಗಳಲ್ಲಿ ಒಂದನ್ನು ಕುರಿತ ಮೊದಲ ನಂಬಿಕೆಯನ್ನು ನಾವು ಊಹೆಯಿಂದ ತರಬೇಕಾಗಿಲ್ಲ. ಅದರ ಒಡಹುಟ್ಟಿದವುಗಳಿಂದಲೇ ಕಲಿಯಬಹುದು.

ಇದಕ್ಕೆ ಹೆಸರಾದ ಉದಾಹರಣೆಯು ಪಾಠಶಾಲೆಗಳದೇ. ಅಮೆರಿಕಾ ದೇಶದ ಎಂಟು ಹೈಸ್ಕೂಲುಗಳಲ್ಲಿ ಕಾಲೇಜು ಪ್ರವೇಶದ ಪರೀಕ್ಷೆಗಾಗಿ ವಿಶೇಷ ತರಬೇತಿಯನ್ನು ಕೊಟ್ಟು ಅದರ ಫಲವನ್ನು ಅಳೆದರು. ಆ ಪರೀಕ್ಷೆಯ ಅಂಕಗಳು ೨೦೦ರಿಂದ ೮೦೦ರ ವರೆಗೆ ಇರುವುವು. ಒಂದು ಶಾಲೆಯಲ್ಲಿ ೨೮ ಅಂಕಗಳ ಲಾಭವೂ, ಇನ್ನೊಂದರಲ್ಲಿ ೩ ಅಂಕಗಳ ನಷ್ಟವೂ ಕಂಡುಬಂದಿತು. ಮೊದಲನೆಯ ಶಾಲೆಯನ್ನು ಹೊಗಳಿ ಎರಡನೆಯದನ್ನು ಹಳಿಯಬೇಕೇ? ಆದರೆ ಈ ಎರಡು ಅಳತೆಗಳಲ್ಲಿಯೂ ಹದಿನೈದು ಹದಿನಾರು ಅಂಕಗಳಷ್ಟು ಅನಿಶ್ಚಯವಿತ್ತು. ಹಾಗಾದರೆ ಎಂಟನ್ನೂ ಒಂದೇ ಎಂದೆಣಿಸಿ, ಎಲ್ಲಕ್ಕೂ ಸುಮಾರು ೮ ಅಂಕಗಳ ಸರಾಸರಿಯನ್ನೇ ಹಚ್ಚಬೇಕೇ? ಅದು ಶಾಲೆಗಳೊಳಗಣ ಭೇದವನ್ನೇ ಇಲ್ಲವೆನ್ನುವುದಾಗುತ್ತದೆ. ೧೯೮೧ರಲ್ಲಿ ಡೊನಾಲ್ಡ್ ರೂಬಿನ್ ಎಂಬವರು ಶ್ರೇಣೀಬದ್ಧ ಮಾದರಿಯಿಂದ ನಡುವಣ ಮಾರ್ಗವನ್ನು ತೋರಿಸಿದರು. ಹಾಗೆ ಲೆಕ್ಕಹಾಕಿದರೆ ೨೮ ಎಂದು ಕಂಡದ್ದು ೧೦ರ ಸಮೀಪಕ್ಕೆ ಇಳಿಯುವುದು. ೩ರ ನಷ್ಟವೆಂದು ಕಂಡದ್ದು ಸುಮಾರು ೭ರ ಲಾಭವಾಗುವುದು. ಸ್ವಂತ ಸಾಕ್ಷ್ಯವು ದುರ್ಬಲವಾಗಿದ್ದಷ್ಟೂ ಶಾಲೆಯು ತನ್ನ ಸಂಗಡಿಗರ ಕಡೆಗೆ ಎಳೆಯಲ್ಪಡುವುದು. ಅದು ಬಲವಾದಂತೆಲ್ಲ ತನ್ನ ಕಾಲಮೇಲೆ ತಾನು ನಿಲ್ಲುವುದು.

ಇಂಥ ಲೆಕ್ಕವು ಕೈಯಿಂದ ಮಾಡಲು ಬಹಳ ಕಷ್ಟವಾದದ್ದು. ೧೯೯೦ರಿಂದೀಚೆಗೆ ಗಣಕಯಂತ್ರಗಳ ಸಹಾಯದಿಂದ ಅದು ಸಾಧ್ಯವಾಗಿ ಎಲ್ಲೆಡೆಯೂ ಹಬ್ಬಿತು. ಒಂದೊಂದು ಆಸ್ಪತ್ರೆಯಲ್ಲಿ ಕೆಲವೇ ರೋಗಿಗಳಿರುವಾಗ ಔಷಧದ ಗುಣವನ್ನು ತಿಳಿಯುವುದಕ್ಕೂ ಇದು ಉಪಯೋಗವಾಗುತ್ತದೆ. ವಿಶ್ವಸಂಸ್ಥೆಯ ಜನಸಂಖ್ಯಾ ವಿಭಾಗದವರು ದೇಶದೇಶಗಳ ಮುಂದಿನ ಜನನಪ್ರಮಾಣವನ್ನು ಅಂದಾಜುಮಾಡಲು ಇದನ್ನೇ ಅವಲಂಬಿಸುತ್ತಾರೆ. ಲೆಕ್ಕಪತ್ರಗಳು ಸಾಲದ ದೇಶದ ವಿಷಯವನ್ನು ಇತರ ದೇಶಗಳ ಅನುಭವದಿಂದ ತುಂಬಿಕೊಳ್ಳುವರು.

ಇಲ್ಲಿ ನಮ್ಮದೇ ಒಂದು ತಪ್ಪನ್ನು ಒಪ್ಪಿಕೊಳ್ಳುವುದು ನ್ಯಾಯವಾಗಿದೆ. ನಾವು ಚಿಕ್ಕ ಪ್ರಾಯದಲ್ಲಿ ಬೇರೊಂದು ಶಾಲೆಯಲ್ಲಿ ಉಪಾಧ್ಯಾಯಿನಿಯಾಗಿದ್ದಾಗ, ದೂರದ ಹಳ್ಳಿಯಿಂದ ಬಂದು ಒಂಬತ್ತನೆಯ ತರಗತಿಗೆ ಸೇರಿದ ಬಾಲಕಿಯೊಬ್ಬಳು ಮೊದಲನೆಯ ಗಣಿತ ಪರೀಕ್ಷೆಯಲ್ಲಿ ನೂರಕ್ಕೆ ಹದಿನಾಲ್ಕು ಅಂಕಗಳನ್ನು ಪಡೆದಳು. ಆ ಒಂದೇ ಉತ್ತರಪತ್ರಿಕೆಯನ್ನು ನೋಡಿ ಅವಳನ್ನು ಕೆಳಗಿನ ತರಗತಿಗೆ ಇಳಿಸಬೇಕೆಂದು ನಾವು ಶಿಫಾರಸು ಮಾಡಿದೆವು, ಹಾಗೆಯೇ ಆಯಿತು. ಕ್ರಿಸ್ಮಸ್ ರಜೆಗೆ ಊರಿಗೆ ಹೋದ ಆ ಹುಡುಗಿಯು ಮತ್ತೆ ಶಾಲೆಗೆ ಬರಲಿಲ್ಲ. ಬಳಿಕ ಹಿರಿಯ ಉಪಾಧ್ಯಾಯಿನಿಯೊಬ್ಬರು ಹಿಂದಿನ ವರ್ಷಗಳ ಅಂಕಪಟ್ಟಿಗಳನ್ನು ತೆಗೆದು ನಮ್ಮ ಮುಂದಿಟ್ಟರು. ಅಂಥದೇ ಹಳ್ಳಿಶಾಲೆಗಳಿಂದ ಬಂದ ಹುಡುಗಿಯರು ಮೊದಲನೆಯ ಪರೀಕ್ಷೆಯಲ್ಲಿ ಹಿಂದೆಬಿದ್ದು, ವರ್ಷದ ಕೊನೆಗೆ ಬಹುಮಂದಿ ಉತ್ತೀರ್ಣರಾಗಿದ್ದರು. ಉತ್ತರವು ನಮ್ಮ ಬೀರುವಿನಲ್ಲಿಯೇ ಇತ್ತು. ನಾವು ಅದನ್ನು ತೆರೆದು ನೋಡಿರಲಿಲ್ಲ. ಬೇಯಸರ ನಿಯಮವನ್ನು ಪುಸ್ತಕದಲ್ಲಿ ಕಲಿತು ಪರೀಕ್ಷೆಯಲ್ಲಿ ಬರೆದವರೂ ನಾವೇ ಎಂಬುದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ಆದರೆ ಇದೇ ಸ್ಥಳದಲ್ಲಿ ಎಚ್ಚರಿಕೆಯೂ ಬೇಕು. ಸಂಗಡಿಗರಿಂದ ಒಬ್ಬಳನ್ನು ಅಳೆಯುವುದು ಸುಲಭವಾಗಿ ಪೂರ್ವಾಗ್ರಹವಾಗಬಹುದು. ಇಂಥ ಊರಿನವಳು, ಇಂಥ ಮನೆಯವಳು, ಇವಳಿಗೆ ಗಣಿತವು ಬಾರದು ಎಂದು ಮೊದಲೇ ತೀರ್ಮಾನಿಸಿ ಅವಳ ಸಾಕ್ಷ್ಯವನ್ನು ಕೇಳದಿರುವವರು ಬೇಯಸರ ಶಿಷ್ಯರಲ್ಲ. ಆ ನಿಯಮದಲ್ಲಿ ಮೊದಲ ನಂಬಿಕೆಯು ಆರಂಭವೇ ಹೊರತು ತೀರ್ಪಲ್ಲ. ಬಾಲಕಿಯು ಬರೆಯುವ ಒಂದೊಂದು ಉತ್ತರವೂ ಅದನ್ನು ತಿದ್ದುವ ಅಧಿಕಾರವುಳ್ಳದ್ದು. ಅವಳ ಸ್ವಂತ ಸಾಕ್ಷ್ಯವು ಹೆಚ್ಚಿದಂತೆಲ್ಲ ಊರಿನ ಮಾತೂ ಮನೆತನದ ಮಾತೂ ಹಿಂದೆ ಸರಿಯಲೇಬೇಕು. ಮನಸ್ಸನ್ನು ಬದಲಿಸಲು ಸಿದ್ಧರಿಲ್ಲದವರಿಗೆ ಎಷ್ಟು ಸಾಕ್ಷ್ಯವಿದ್ದರೂ ಪ್ರಯೋಜನವಿಲ್ಲ.

ಆದಕಾರಣ ತಾಯಿತಂದೆಗಳಿಗೆ ನಾವು ಕೊಡುವ ಉತ್ತರವು ಇಷ್ಟೇ. ಒಂದು ಪರೀಕ್ಷೆಯ ಅಂಕವು ಒಂದು ಚೆಂಡು ನಿಂತ ಸ್ಥಳವು ಮಾತ್ರ. ಮಗಳೆಂಬ ಗೆರೆಯು ಎಲ್ಲಿದೆಯೆಂದು ಹೇಳಲು ಇನ್ನೂ ಅನೇಕ ಚೆಂಡುಗಳು ಬೇಕು. ಅಂಕವನ್ನು ಅಲಕ್ಷ್ಯಮಾಡಬೇಡಿರಿ, ಅದನ್ನು ಕಡೆಯ ಮಾತೆಂದೂ ತಿಳಿಯಬೇಡಿರಿ. ತಾಳ್ಮೆಯಿಂದ ಮುಂದಿನದನ್ನು ನೋಡಿರಿ.

ಬೇಯಸರ ದೇಹವು ಲಂಡನ್ನಿನ ಬನ್‌ಹಿಲ್ ಫೀಲ್ಡ್ಸ್ ಎಂಬ ಸ್ಮಶಾನಭೂಮಿಯಲ್ಲಿ ಕುಟುಂಬದವರ ಸಮಾಧಿಯೊಳಗೆ ಇದೆ. ಕಾಲಕ್ರಮದಲ್ಲಿ ಜೀರ್ಣವಾಗಿದ್ದ ಆ ಸಮಾಧಿಯನ್ನು ೧೯೬೯ರಲ್ಲಿ ಲೋಕದ ನಾನಾ ಕಡೆಗಳ ಸಂಖ್ಯಾಶಾಸ್ತ್ರಜ್ಞರು ಹಣ ಕೂಡಿಸಿ ದುರಸ್ತು ಮಾಡಿಸಿದರು. ತನ್ನ ಹೆಸರಿನಲ್ಲಿ ಒಂದು ಗಣಿತಗ್ರಂಥವನ್ನೂ ಜೀವಂತವಾಗಿ ಕಾಣದೆ ಹೋದ ಆ ಸಭಾಪಾಲಕರಿಗೆ ಎರಡು ಶತಮಾನಗಳ ಬಳಿಕ ಈ ಗೌರವವು ಸಂದಿತು. ಅವರ ವಿದ್ಯೆಯನ್ನು ಬಲ್ಲವರು ಅವರಿಗೆ ಸಲ್ಲಿಸಬಹುದಾದ ಬೇರೊಂದು ಗೌರವವೂ ಉಂಟು. ಅದು ನಮ್ಮ ವಶದಲ್ಲಿರುವ ಮಕ್ಕಳನ್ನು ಕುರಿತು ತೀರ್ಪುಕೊಡಲು ಅವಸರಪಡದಿರುವುದು.