ಲೋಕಿಯ ಮಕ್ಕಳ ಕಥೆ ಬರೆದಿಟ್ಟವನು

ಐಸ್‌ಲ್ಯಾಂಡ್‌ನಲ್ಲಿ ಸ್ಕಾಲ್‌ಮೋಲ್ಡ್ ಅಂತ ಒಂದು ಫೋಕ್ ಮೆಟಲ್ ಬ್ಯಾಂಡ್ ಇದೆ. 2009ರಲ್ಲಿ ರೇಕ್ಯಾವಿಕ್‌ನಲ್ಲಿ ಶುರುವಾದ ಆರು ಜನರ ತಂಡ. 2012ರಲ್ಲಿ ಬಂದ ಅವರ ಎರಡನೇ ಆಲ್ಬಂ 'ಬೋರ್ನ್ ಲೋಕಾ', ಅಂದ್ರೆ ಲೋಕಿಯ ಮಕ್ಕಳು. ಮಾರ್ವೆಲ್ ಸಿನಿಮಾ ನೋಡಿದವರಿಗೆ ಲೋಕಿ ಗೊತ್ತು. ಆದರೆ ಈ ಆಲ್ಬಂನ ಲೋಕಿಯೇ ಬೇರೆ. ಫೆನ್ರಿರ್ ಎಂಬ ದೈತ್ಯ ತೋಳ, ಭೂಮಿಯನ್ನು ಸುತ್ತಿಕೊಂಡ ಹಾವು, ಸತ್ತವರ ಲೋಕ ಆಳುವ ಹೆಲ್, ಈ ಮೂವರೂ ಅವನ ಮಕ್ಕಳು. ಮೂವರ ಹೆಸರಲ್ಲೂ ಒಂದೊಂದು ಹಾಡಿದೆ. ಗಿಟಾರ್ ಎಷ್ಟೇ ಅಬ್ಬರಿಸಿದರೂ ಸಾಹಿತ್ಯ ಮಾತ್ರ ಐಸ್‌ಲ್ಯಾಂಡಿಕ್ ಭಾಷೆಯಲ್ಲಿ, ಹಳೇ ಕಾಲದ ಪ್ರಾಸ, ಛಂದಸ್ಸು ಬಿಡದೆ ಇದೆ.

ಈ ಕಥೆಗಳೂ ಛಂದಸ್ಸಿನ ಲೆಕ್ಕಾಚಾರವೂ ಎಂಟುನೂರು ವರ್ಷದ ನಂತರ ಒಂದು ಮೆಟಲ್ ಬ್ಯಾಂಡ್‌ಗೆ ಸಿಕ್ಕಿದ್ದು ಹೇಗೆ? ಅದರ ದೊಡ್ಡ ಪಾಲು ಒಬ್ಬನೇ ಮನುಷ್ಯನಿಗೆ ಸೇರುತ್ತೆ. ಅವನ ಹೆಸರು ಸ್ನೋರಿ ಸ್ಟುರ್ಲುಸನ್.

ಸ್ನೋರಿ ಹುಟ್ಟಿದ್ದು 1179ರಲ್ಲಿ, ಐಸ್‌ಲ್ಯಾಂಡ್‌ನ ಪಶ್ಚಿಮ ಭಾಗದ ಹ್ವಾಮ್ಮುರ್ ಎಂಬಲ್ಲಿ. ಅಪ್ಪ ಸ್ಟುರ್ಲಾ ಜಗಳಗಂಟ ಮುಖಂಡ. ಒಂದು ಆಸ್ತಿ ವ್ಯಾಜ್ಯದ ಮಾತುಕತೆ ನಡೆಯುವಾಗ ಎದುರು ಪಕ್ಷದವನ ಹೆಂಡತಿ ಚಾಕು ಹಿಡಿದು ಅವನ ಕಣ್ಣಿಗೇ ನುಗ್ಗಿದಳು. ಒಕ್ಕಣ್ಣನಾದ ಓಡಿನ್ ದೇವರ ಥರ ಇವನನ್ನೂ ಮಾಡ್ತೀನಿ ಅನ್ನೋದು ಅವಳ ಸಿಟ್ಟು. ಗುರಿ ತಪ್ಪಿ ಕೆನ್ನೆಗೆ ಗಾಯವಾಯಿತು. ಸ್ಟುರ್ಲಾ ಭಾರೀ ಪರಿಹಾರ ಕೇಳಿದ. ರಾಜಿ ಮಾಡಿಸಲು ಬಂದವನು ಯೋನ್ ಲೋಫ್ಟ್ಸನ್, ದೇಶದ ಅತಿ ಪ್ರಭಾವಿ ಮನುಷ್ಯ. ಸ್ಟುರ್ಲಾನನ್ನು ಸಮಾಧಾನ ಮಾಡೋಕೆ ಅವನ ಮಗನನ್ನು ತಾನೇ ಸಾಕುತ್ತೇನೆ ಅಂದ. ಹೀಗೆ ಸುಮಾರು ಮೂರು ವರ್ಷದ ಸ್ನೋರಿ ಓಡ್ಡಿ ಎಂಬ ಊರಿಗೆ ಹೋದ. ಓಡ್ಡಿ ಆಗ ಇಡೀ ದೇಶಕ್ಕೆ ವಿದ್ಯೆಯ ಕೇಂದ್ರ. ಆ ಚಾಕು ಬೀಸದೇ ಇದ್ದಿದ್ದರೆ ಬಹುಶಃ ಸ್ನೋರಿಯೂ ಅಪ್ಪನ ಹಾಗೆ ಬರೀ ಜಗಳಗಂಟ ಆಗ್ತಿದ್ದನೇನೋ.

ಜಗಳಗಳಂತೂ ತಪ್ಪಲಿಲ್ಲ. 1199ರಲ್ಲಿ ಶ್ರೀಮಂತನ ಮಗಳು ಹೆರ್ದಿಸ್‌ಳನ್ನು ಮದುವೆಯಾದ, ಮಾವನ ಆಸ್ತಿ ಬಂತು. ಕೆಲವು ವರ್ಷಕ್ಕೇ ಅವಳನ್ನು ಬಿಟ್ಟು ರೇಕ್‌ಹೋಲ್ಟ್‌ನಲ್ಲಿ ನೆಲೆಸಿದ. ಅಲ್ಲಿ ಬಿಸಿನೀರಿನ ಬುಗ್ಗೆಯಿಂದ ಕಾಲುವೆ ಮೂಲಕ ನೀರು ಬರುವ, ಸುಮಾರು ನಾಲ್ಕು ಮೀಟರ್ ಅಗಲದ ಕಲ್ಲಿನ ಕೊಳವೊಂದು ಈಗಲೂ ಇದೆ, 'ಸ್ನೋರಿಯ ಕೊಳ' ಅಂತಲೇ ಹೆಸರು. ಸಿವಿಲ್ ಬ್ರಾಂಚ್‌ನವರು ಒಮ್ಮೆ ಫೋಟೋ ನೋಡಲೇಬೇಕು! ಐಸ್‌ಲ್ಯಾಂಡ್‌ಗೆ ಆಗ ರಾಜ ಇರಲಿಲ್ಲ, ಅಲ್ತಿಂಗಿ ಎಂಬ ಸಭೆ ಇತ್ತು. ಅದರ ಮುಖ್ಯ ಹುದ್ದೆ 'ಕಾನೂನು ಹೇಳುವವನು'. 1215ರಲ್ಲಿ ಸ್ನೋರಿ ಆ ಹುದ್ದೆಗೆ ಬಂದ, 1222ರಲ್ಲಿ ಮತ್ತೊಮ್ಮೆ.

ನಡುವೆ, 1218ರಲ್ಲಿ ನಾರ್ವೆಗೆ ಹೋದ. ರಾಜ ಹಾಕೊನ್‌ಗೆ ಆಗ ಇನ್ನೂ ಹದಿನಾಲ್ಕು ವರ್ಷ, ಅಧಿಕಾರ ನಡೆಸುತ್ತಿದ್ದವನು ಸ್ಕೂಲಿ ಎಂಬ ಸಾಮಂತ. ಇಬ್ಬರೂ ಸ್ನೋರಿಯನ್ನು ಸತ್ಕರಿಸಿದರು. ಐಸ್‌ಲ್ಯಾಂಡನ್ನು ನಾರ್ವೆಗೆ ಒಪ್ಪಿಸುವಂತೆ ತನ್ನ ಜನರ ಮನವೊಲಿಸುತ್ತೇನೆ ಅಂತ ಮಾತು ಕೊಟ್ಟು 1220ರಲ್ಲಿ ವಾಪಸ್ ಬಂದ. ಬಂದ ಮೇಲೆ ಆ ವಿಷಯದಲ್ಲಿ ಹೆಚ್ಚೇನೂ ಮಾಡಲಿಲ್ಲ.

ಮಾಡಿದ್ದು ಬೇರೆ ಕೆಲಸ. 1220ರ ಆಸುಪಾಸಿನಲ್ಲಿ 'ಎಡ್ಡಾ' ಬರೆದ. ಐಸ್‌ಲ್ಯಾಂಡ್ ಕ್ರೈಸ್ತ ದೇಶವಾಗಿ ಆಗಲೇ ಇನ್ನೂರು ವರ್ಷ ದಾಟಿತ್ತು, ಸ್ನೋರಿಯೂ ಕ್ರೈಸ್ತನೇ. ಆದರೆ ಹಳೇ ಕವಿತೆಗಳ ತುಂಬ ಹಳೇ ದೇವರುಗಳಿದ್ದರು. ಅಲ್ಲಿ ಚಿನ್ನವನ್ನು ಚಿನ್ನ ಅನ್ನಲ್ಲ, ಥಾರ್‌ನ ಹೆಂಡತಿ ಸಿಫ್‌ಳ ಕೂದಲು ಅಂತಾರೆ. ಆ ಕಥೆ ಗೊತ್ತಿಲ್ಲದಿದ್ದರೆ ಸಾಲೇ ಅರ್ಥವಾಗಲ್ಲ. ಹೊಸ ಕವಿಗಳಿಗೆ ಈ ಕೀಲಿಕೈ ಕಳೆದುಹೋಗುತ್ತೆ ಅಂತ ಸ್ನೋರಿ ಮೊದಲು ಕಥೆಗಳನ್ನು ಬರೆದ, ಆಮೇಲೆ ಪದಗಳನ್ನು ವಿವರಿಸಿದ, ಕೊನೆಗೆ ನೂರಕ್ಕೂ ಹೆಚ್ಚು ಪದ್ಯಗಳಲ್ಲಿ ಛಂದಸ್ಸುಗಳನ್ನು ತಾನೇ ಬರೆದು ತೋರಿಸಿದ. ಅಂದ್ರೆ ಇದೊಂದು ಟೆಕ್ಸ್ಟ್‌ಬುಕ್! ಇಂಗ್ಲಿಷ್ ಮೀಡಿಯಂನಲ್ಲಿ ಓದಿ, ಹಳಗನ್ನಡ ಕಂಡ್ರೆ ಅರ್ಥಕೋಶ ಹುಡುಕುವ ನನ್ನಂಥವರಿಗೆ ಇಂಥ ಪುಸ್ತಕದ ಬೆಲೆ ಚೆನ್ನಾಗಿ ಗೊತ್ತು.

ಫೆನ್ರಿರ್ ತೋಳವನ್ನು ಕಟ್ಟಿಹಾಕಿದ ಕಥೆ ಪೂರ್ತಿಯಾಗಿ ಸಿಗುವುದು ಈ ಪುಸ್ತಕದಲ್ಲೇ. ಎರಡು ಕಬ್ಬಿಣದ ಸರಪಳಿ ಮುರಿದ ಮೇಲೆ ಕುಳ್ಳರು ಗ್ಲೈಪ್ನಿರ್ ಎಂಬ ರೇಷ್ಮೆಯಂಥ ದಾರ ಮಾಡಿಕೊಡುತ್ತಾರೆ. ಅದರ ಸಾಮಗ್ರಿ: ಬೆಕ್ಕಿನ ಹೆಜ್ಜೆ ಸದ್ದು, ಹೆಂಗಸಿನ ಗಡ್ಡ, ಬೆಟ್ಟದ ಬೇರು, ಕರಡಿಯ ನರ, ಮೀನಿನ ಉಸಿರು, ಹಕ್ಕಿಯ ಉಗುಳು. ಯಾವ ಮೆಟೀರಿಯಲ್ ಸೈನ್ಸ್ ಕ್ಲಾಸಲ್ಲೂ ಇದನ್ನ ಹೇಳಿಕೊಡಲ್ಲ. ಅದು ಮಾತ್ರ ಮುರಿಯುವುದಿಲ್ಲ. ನಂಬಿಕೆಗಾಗಿ ತೋಳದ ಬಾಯಲ್ಲಿ ಕೈಯಿಟ್ಟಿದ್ದ ಟೀರ್ ದೇವರು ಆ ಕೈ ಕಳಕೊಳ್ಳುತ್ತಾನೆ.

ಕೊಟ್ಟ ಮಾತು ಮುರಿದವನ ಪಾಡು ಸ್ನೋರಿಗೂ ಬಂತು. ನಾರ್ವೆಯ ರಾಜರ ಚರಿತ್ರೆ 'ಹೈಮ್ಸ್‌ಕ್ರಿಂಗ್ಲಾ' ಬರೆದವನೂ ಇವನೇ ಅಂತಾರೆ, ಆದರೂ ಆ ರಾಜ ಇವನನ್ನು ಬಿಡಲಿಲ್ಲ. ಸ್ವಂತ ಅಣ್ಣನ ಮಗನೇ ರಾಜನ ಪರವಾಗಿ ನಿಂತು ಇವನನ್ನು ಓಡಿಸಿದ. 1237ರಲ್ಲಿ ಮತ್ತೆ ನಾರ್ವೆ. ಮರುವರ್ಷ ಅಣ್ಣನೂ ಅಣ್ಣನ ಮಗನೂ ಯುದ್ಧದಲ್ಲಿ ಸತ್ತರು. 1239ರಲ್ಲಿ ರಾಜ ಬೇಡವೆಂದರೂ ಸ್ನೋರಿ ಊರಿಗೆ ಹೊರಟ. ಅವನ ಗೆಳೆಯ ಸ್ಕೂಲಿ ರಾಜನ ವಿರುದ್ಧ ದಂಗೆ ಎದ್ದು 1240ರಲ್ಲಿ ಹತನಾದ. ಆಮೇಲೆ ರಾಜ ಬರೆದ ಪತ್ರ ಗಿಸ್ಸುರ್ ಎಂಬವನ ಕೈಸೇರಿತು: ಸ್ನೋರಿಯನ್ನು ನಾರ್ವೆಗೆ ಕಳಿಸು, ಇಲ್ಲವೇ ಕೊಲ್ಲು. ಗಿಸ್ಸುರ್ ಒಂದು ಕಾಲದಲ್ಲಿ ಸ್ನೋರಿಯ ಅಳಿಯ.

ಆ ದಿನಗಳಲ್ಲಿ ಸ್ನೋರಿಗೊಂದು ಗುಪ್ತಲಿಪಿಯ ಪತ್ರ ಬಂದಿತ್ತಂತೆ. ಏನೋ ಎಚ್ಚರಿಕೆ ಅಂತ ಅನ್ನಿಸಿತು, ಆದರೆ ಓದೋಕೆ ಆಗಲಿಲ್ಲ. ಇಡೀ ದೇಶಕ್ಕೆ ಹಳೇ ಪದಗಳನ್ನು ಬಿಡಿಸಿ ಹೇಳಿದವನಿಗೆ! 1241ರ ಸೆಪ್ಟೆಂಬರ್ 23ರ ರಾತ್ರಿ ಗಿಸ್ಸುರ್‌ನ ದಂಡು ರೇಕ್‌ಹೋಲ್ಟ್‌ಗೆ ನುಗ್ಗಿತು. ಸ್ನೋರಿ ನೆಲಮಾಳಿಗೆಯಲ್ಲಿ ಅಡಗಿದ. ಐದು ಜನ ಇಳಿದು ಬಂದರು. ಹೊಡೆಯಬೇಡಿ ಅಂತ ಕೇಳಿಕೊಂಡ. ಕೇಳಲಿಲ್ಲ. ಇಪ್ಪತ್ತೊಂದು ವರ್ಷದ ನಂತರ, 1262ರಲ್ಲಿ, ಐಸ್‌ಲ್ಯಾಂಡ್ ನಾರ್ವೆ ರಾಜನ ಕೈಸೇರಿತು.

ಸ್ನೋರಿ ಒಳ್ಳೆಯವನಾ? ನನಗಂತೂ ಹಾಗನ್ನಿಸಲ್ಲ. ಆಸ್ತಿ, ಅಧಿಕಾರ ಎರಡರ ಹಿಂದೆಯೂ ಓಡಿದ, ಎಲ್ಲರಿಗೂ ಮಾತು ಕೊಟ್ಟ. ಆದರೆ ತನ್ನ ಜನ ಮರೆಯುತ್ತಿದ್ದ ಭಾಷೆಯನ್ನು ಕೂತು ಬರೆದಿಟ್ಟ, ಅಷ್ಟಂತೂ ನಿಜ. 2013ರಲ್ಲಿ ಸ್ಕಾಲ್‌ಮೋಲ್ಡ್ ತಂಡ ರೇಕ್ಯಾವಿಕ್‌ನ ಹಾರ್ಪಾ ಸಭಾಂಗಣದಲ್ಲಿ ಐಸ್‌ಲ್ಯಾಂಡ್ ಸಿಂಫನಿ ಆರ್ಕೆಸ್ಟ್ರಾ ಜೊತೆ ನುಡಿಸಿತು. ಆ ವಿಡಿಯೋ ಒಮ್ಮೆ ನೋಡಿ. ಆಲ್ಬಂ ಕೇಳೋದಾದ್ರೆ 'ಗ್ಲೈಪ್ನಿರ್'ನಿಂದ ಶುರು ಮಾಡಿ, ಅದರ ಮುಂದಿನ ಹಾಡೇ ತೋಳದ್ದು. ಕಥೆ ಈಗ ನಿಮಗೆ ಗೊತ್ತಲ್ಲ!