ಪಡುಕೋಣೆಯ ಹೆಸರಿಗೆ ಬೆಳಕು ಹಿಡಿದ ಮೈಸೂರು ಮೂರ್ತಿ

ಶಂಕರನಾರಾಯಣ: ಪಡುಕೋಣೆ ಅಂದ ಕೂಡಲೇ ನಮ್ಮ ಬಸ್ಸಿನಲ್ಲಿ ಕೂತವರಿಗೆ ನೆನಪಾಗುವುದು ಬ್ಯಾಡ್ಮಿಂಟನ್ನಿನ ಪ್ರಕಾಶ್, ಸಿನಿಮಾದ ದೀಪಿಕಾ. ಸ್ವಲ್ಪ ವಯಸ್ಸಾದವರಾದರೆ ಗುರುದತ್ ಹೆಸರು ಎತ್ತಿಯಾರು. ಮರವಂತೆ ಬಳಿ ಸೌಪರ್ಣಿಕಾ ಹೊಳೆ ಮಗ್ಗುಲಿನ ಆ ಊರಿನ ಹೆಸರೇ ಗುರುದತ್ತರ ಮನೆತನದ ಹೆಸರು. ಹುಟ್ಟಿದ್ದು 1925ರಲ್ಲಿ ಬೆಂಗಳೂರಿನಲ್ಲಿ, ಹೆಸರು ಮಾಡಿದ್ದು ಬೊಂಬಾಯಿಯಲ್ಲಿ.

ಸರಿ, ಆ ಗುರುದತ್ತರ ಮುಖದ ಮೇಲೆ ಬೆಳಕು ಬೀಳಿಸಿದವರು ಯಾರು? ಪೇಟೆಯಲ್ಲಿ ಹತ್ತು ಮಂದಿಯನ್ನು ಕೇಳಿ, ಒಬ್ಬರಿಗೆ ಗೊತ್ತಿದ್ದರೆ ಹೆಚ್ಚು. ಅವರೂ ಕನ್ನಡದವರೇ ಮಾರಾಯ್ರೆ! ಹೆಸರು ವಿ.ಕೆ. ಮೂರ್ತಿ. ಕ್ಯಾಮರಾದ ಹಿಂದೆಯೇ ಆಯುಷ್ಯ ಕಳೆದವರು.

ಮೂರ್ತಿ ಹುಟ್ಟಿದ್ದು 1923ರ ನವೆಂಬರ್ 26ರಂದು, ಮೈಸೂರಿನಲ್ಲಿ. ಪಿಟೀಲು ಬಲ್ಲವರು. ಸ್ವಾತಂತ್ರ್ಯ ಚಳವಳಿಗೆ ಇಳಿದು 1943ರಲ್ಲಿ ಜೈಲೂ ಕಂಡರು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು 1946ರಲ್ಲಿ ಡಿಪ್ಲೊಮಾ ಪಡೆದು ಬೊಂಬಾಯಿ ಸೇರಿದರು. ಅಲ್ಲಿ ಫಲಿ ಮಿಸ್ತ್ರಿ ಮುಂತಾದವರ ಕೈಕೆಳಗೆ ಸಹಾಯಕನ ಕೆಲಸ.

ಒಂದೇ ಶಾಟ್, ಹನ್ನೊಂದು ವರ್ಷದ ಜೊತೆ

1951ರ 'ಬಾಜಿ' ಗುರುದತ್ ನಿರ್ದೇಶಿಸಿದ ಮೊದಲ ಚಿತ್ರ. ಕ್ಯಾಮರಾಮನ್ ವಿ. ರಾತ್ರಾ, ಮೂರ್ತಿ ಬರೀ ಅಸಿಸ್ಟೆಂಟ್. ಒಂದು ಹಾಡಿಗೆ ಕಷ್ಟದ ಶಾಟೊಂದನ್ನು ಹೀಗೆ ತೆಗೆಯಬಹುದು ಎಂದು ಮೂರ್ತಿ ಸೂಚಿಸಿದರು, ಒಪ್ಪಿಗೆ ಪಡೆದು ತಾವೇ ತೆಗೆದೂ ತೋರಿಸಿದರು. ಗುರುದತ್ ಅವರನ್ನು ಬಿಡಲಿಲ್ಲ. ಮುಂದಿನ 'ಜಾಲ್'ನಿಂದ (1952) ಅವರೇ ಕ್ಯಾಮರಾಮನ್. 'ಆರ್ ಪಾರ್', 'ಪ್ಯಾಸಾ', 1962ರ 'ಸಾಹಿಬ್ ಬೀಬಿ ಔರ್ ಗುಲಾಮ್' ಎಲ್ಲ ಅವರದೇ ಕೈಕೆಲಸ.

ಕನ್ನಡಿಯಲ್ಲಿ ಹಿಡಿದ ಬಿಸಿಲು

1959ರ 'ಕಾಗಜ್ ಕೆ ಫೂಲ್' ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಖಾಲಿ ಸ್ಟುಡಿಯೋದಲ್ಲಿ ಮಾಡಿನಿಂದ ಬೆಳಕಿನ ಕೋಲೊಂದು ನೆಟ್ಟಗೆ ಇಳಿಯಬೇಕು, ಗುರುದತ್, ವಹೀದಾ ರೆಹಮಾನ್ ಅದರೊಳಗೆ ನಿಲ್ಲಬೇಕು. ದೀಪದ ಬೆಳಕು ಹೊರಟಲ್ಲಿಂದಲೇ ಅಗಲಕ್ಕೆ ಹರಡುತ್ತದೆ, ಕೋಲಿನ ಹಾಗೆ ನಿಲ್ಲುವುದಿಲ್ಲ. ಮೂರ್ತಿ ಏನು ಮಾಡಿದರು? ಹೊರಗೆ ಬಿಸಿಲಿಗೆ ದೊಡ್ಡ ಕನ್ನಡಿ ಇಟ್ಟರು, ಒಳಗೆ ಎತ್ತರದಲ್ಲಿ ಇನ್ನೊಂದು. ಮೊದಲನೆಯದು ಬಿಸಿಲನ್ನು ಒಳಗೆ ತಂದಿತು, ಎರಡನೆಯದು ಕೆಳಗೆ ಇಳಿಸಿತು. ಸೂರ್ಯನನ್ನೇ ಸ್ಟುಡಿಯೋದೊಳಗೆ ಕರೆತಂದ ಹಾಗಾಯಿತು!

ಆ ಕೆಲಸಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಆದರೆ ಚಿತ್ರ ನೆಲಕಚ್ಚಿತು. ಆಮೇಲೆ ಗುರುದತ್ ನಿರ್ದೇಶಕನೆಂದು ತಮ್ಮ ಹೆಸರು ಹಾಕಿಕೊಳ್ಳಲೇ ಇಲ್ಲ. 1964ರ ಅಕ್ಟೋಬರ್ 10ರಂದು, 39ರ ಪ್ರಾಯದಲ್ಲಿ ತೀರಿಕೊಂಡರು.

ತಡವಾಗಿ ಬಂದ ಹಾರ

ಜೊತೆಗಾರ ಹೋದರೂ ಮೂರ್ತಿ ಕ್ಯಾಮರಾ ಕೆಳಗಿಡಲಿಲ್ಲ. ಟಿ.ವಿ.ಯಲ್ಲಿ ಬಂದ 'ತಮಸ್', 'ಭಾರತ್ ಏಕ್ ಖೋಜ್'ಗೂ ದುಡಿದರು. 'ತಮಸ್' ನಿರ್ದೇಶಿಸಿದ ಗೋವಿಂದ ನಿಹಲಾನಿ ಹಿಂದೆ ಇವರ ಕೈಕೆಳಗೇ ಪಳಗಿದವರು. 1993ರಲ್ಲಿ ಕನ್ನಡದ 'ಹೂವು ಹಣ್ಣು' ಕೂಡ ಮಾಡಿಕೊಟ್ಟರು. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಬಂದದ್ದು 2008ರ ಸಾಲಿಗೆ, ಕೈಗೆ ಸಿಕ್ಕಿದ್ದು 2010ರಲ್ಲಿ. ಆಗ ಪ್ರಾಯ 86! ಅದುವರೆಗೆ ಯಾವ ಕ್ಯಾಮರಾಮನ್‌ಗೂ ಆ ಪ್ರಶಸ್ತಿ ಸಿಕ್ಕಿರಲಿಲ್ಲ. 2014ರ ಏಪ್ರಿಲ್ 7ರಂದು ಬೆಂಗಳೂರಿನಲ್ಲಿ ಕಣ್ಣು ಮುಚ್ಚಿದರು.

ಇವರಿಗೆ ಕೊನೆಗಾದರೂ ಹಾರ ಬಿತ್ತು. ಅವೇ ಚಿತ್ರಗಳಿಗೆ ಕತ್ತರಿ ಹಿಡಿದು ಕುಳಿತ ಎಡಿಟರ್ ವೈ.ಜಿ. ಚವಾಣ್ ಹೆಸರು ಯಾರ ಬಾಯಲ್ಲಿದೆ? ನಮ್ಮ ಅಂಗಡಿಗಳಲ್ಲೂ ಅಷ್ಟೇ ಅಲ್ಲವೇ? ಗಲ್ಲಾದಲ್ಲಿ ಕೂತವರ ಹೆಸರು ಊರಿಗೆಲ್ಲ ಗೊತ್ತು, ಒಳಗೆ ಅಕ್ಕಿ ಅಳೆಯುವವನ ಹೆಸರು ಕೇಳಿದವರಿಲ್ಲ.

ಮುಂದಿನ ಸಲ ಪಿಕ್ಚರ್ ನೋಡುವಾಗ ಹೆಸರುಗಳು ಓಡಿ ಮುಗಿಯುವವರೆಗೆ ಎದ್ದು ಹೋಗಬೇಡಿ. ಬಸ್ಸು ತಪ್ಪಿದರೆ ಇನ್ನೊಂದು ಬರುತ್ತದೆ.